ಮೇಡಂಗೆ ಮಾತು ಎತ್ತಿಕೊಟ್ಟದ್ದು

ಎದುರಿಗಿದ್ದವರು ಮಾತಾಡುವಾಗ ನನ್ನ ತುಟಿ ಸುಮ್ಮನಿರುವುದಿಲ್ಲ. ಅವರ ಮಾತನ್ನೇ ಸದ್ದಿಲ್ಲದೆ ಆಡುತ್ತಿರುತ್ತದೆ. ನನಗೆ ಇದು ಗೊತ್ತಾಗುವುದೇ ಇಲ್ಲ. ಯಾರಾದರೂ ನಕ್ಕಾಗಲೋ ಬೈದಾಗಲೋ ಗೊತ್ತಾಗುವುದು. ಅಮೆರಿಕದ ನ್ಯೂಜೆರ್ಸಿಯಲ್ಲಿ, ಪಿಸ್ಕಾಟವೇಯ ನಮ್ಮ ಆಫೀಸಿನಲ್ಲಿ ವಿಡಿಯೋ ಮೀಟಿಂಗ್ ನಡೆಯುತ್ತಿರುವಾಗ ಮ್ಯಾನೇಜರ್ ತನ್ನ ಮಾತು ನಿಲ್ಲಿಸಿ, ನೀವೇನೋ ಹೇಳಬೇಕೆಂದಿದ್ದೀರಾ ಎಂದು ಎಷ್ಟು ಸಲ ಕೇಳಿದ್ದಾನೋ. ಇಲ್ಲವೆಂದರೆ ನಂಬುವುದಿಲ್ಲ. ಹದಿನಾರು ತುಂಬಿದ ಮಗಳಂತೂ ನನ್ನ ಜೊತೆ ಜಗಳವಾಡಬೇಕಾದರೆ ಫ್ರಿಜ್ಜಿನ ಕಡೆ ಮುಖ ಮಾಡಿಕೊಂಡು ಆಡುತ್ತಾಳೆ. ‘ಅಮ್ಮಾ, ಸ್ಟಾಪ್ ಲಿಪ್ ಸಿಂಕಿಂಗ್ ಮಿ. ಇಟ್ಸ್ ಕ್ರೀಪಿ’ ಎನ್ನುತ್ತಾಳೆ.

ಇದು ನಮ್ಮಪ್ಪ ನನಗೆ ಬಿಟ್ಟುಹೋದ ಆಸ್ತಿ. ಬೇರೆ ಏನನ್ನೂ ಬಿಟ್ಟುಹೋಗಲಿಲ್ಲ, ಆ ಮಾತು ಬೇರೆ. ಅಪ್ಪ ಧಾರವಾಡದ ಕಡೆ ಊರೂರು ತಿರುಗುವ ನಾಟಕ ಕಂಪನಿಯಲ್ಲಿ ಪ್ರಾಂಪ್ಟರ್ ಆಗಿದ್ದ. ನಟ ಮಾತು ಮರೆತಾಗ ಮಾತ್ರ ಹೇಳಿಕೊಡುವವನು ಪ್ರಾಂಪ್ಟರ್ ಎಂದು ನೀವು ತಿಳಿದಿದ್ದರೆ ಅದು ನಮ್ಮ ಕಂಪನಿಗೆ ಒಪ್ಪುವುದಿಲ್ಲ. ಅಲ್ಲಿ ಹೊಸ ನಾಟಕ ನಾಲ್ಕೇ ದಿನದಲ್ಲಿ ರಂಗಕ್ಕೆ ಏರಬೇಕು, ಅರ್ಧಕ್ಕರ್ಧ ನಟರಿಗೆ ಓದು ಬಾರದು. ಅದಕ್ಕೇ ಅಪ್ಪ ಪಕ್ಕದ ಪರದೆಯ ಹಿಂದೆ ನಿಂತು ಇಡೀ ನಾಟಕವನ್ನು, ಮೊದಲ ಮಾತಿನಿಂದ ಮಂಗಳದವರೆಗೆ, ನಟರಿಗಿಂತ ಒಂದು ಉಸಿರು ಮುಂದೆ ಓದುತ್ತಾ ಹೋಗುತ್ತಿದ್ದ. ರಾಜನೂ ಅವನೇ, ರಾಜನನ್ನು ಕೊಲ್ಲುವವನೂ ಅವನೇ, ನಡುವೆ ಬಂದು ಜಡೆ ತಿರುವುವ ಹಾಸ್ಯದವಳೂ ಅವನೇ. ‘ಮಾತು ನಿಂದ್ರಬಾರದವ್ವ’ ಅನ್ನುತ್ತಿದ್ದ. ‘ಸ್ಟೇಜಿನ ಮ್ಯಾಲ ಮಾತು ನಿಂತ್ರ ಜನ ಶೇಂಗಾ ಸಿಪ್ಪಿ ಒಗೀತಾರ.’ ಶಾಲೆಗೆ ರಜೆ ಇದ್ದಾಗ ನಾನು ಅವನ ಪಕ್ಕ ಸ್ಟೂಲಿನ ಮೇಲೆ ಕೂತು ಹಾಳೆ ತಿರುವುತ್ತಿದ್ದೆ. ಹಾಳೆ ತಿರುವುತ್ತಾ ತಿರುವುತ್ತಾ ನನ್ನ ತುಟಿಯೂ ಕಲಿತುಬಿಟ್ಟಿತು.

ಈಸ್ಟ್ ಬ್ರನ್ಸ್‌ವಿಕ್‌ಗೆ ಬಂದು ನೆಲೆಸಿದ ಮೇಲೆ ಇಲ್ಲಿನ ಕನ್ನಡ ಸಂಘದ ನಾಟಕಕ್ಕೆ ನಾನೇ ಖಾಯಂ ಪ್ರಾಂಪ್ಟರ್. ನಮ್ಮ ಡಾಕ್ಟರುಗಳಿಗೆ, ಇಂಜಿನಿಯರುಗಳಿಗೆ ಓದು ಬರುತ್ತದೆ, ಆದರೆ ಬಾಯಿಪಾಠ ಮಾಡಲು ಪುರುಸೊತ್ತಿಲ್ಲ. ಆದ್ದರಿಂದ ಅಪ್ಪನ ಪದ್ಧತಿ ಇಲ್ಲಿಗೂ ಸರಿಹೋಯಿತು. ಒಂದು ಶನಿವಾರ ಲೈಬ್ರರಿಯ ಹಾಲಿನಲ್ಲಿ ರಿಹರ್ಸಲ್ ಇತ್ತು. ನಮ್ಮ ನಾಟಕದ ನಾಯಕ ನ್ಯೂಯಾರ್ಕಿನ ಬೆಲ್‌ರೋಸ್‌ನಿಂದ ಬರಬೇಕು, ಸೇತುವೆಯ ಮೇಲೆ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡಿದ್ದ. ಅವನ ಪಾತ್ರವನ್ನೂ ನಾನೇ ಓದಿದೆ. ಅವನು ಬಂದಮೇಲೂ, ಅಭ್ಯಾಸಬಲ, ಅವನಿಗಿಂತ ಜೋರಾಗಿಯೇ ಓದಿದೆ. ಹಾಲಿನ ಕೊನೆಯ ಸಾಲಿನಲ್ಲಿ ಕೋಲು ಹಿಡಿದ ಬಿಳಿಯ ಹೆಂಗಸೊಬ್ಬರು ಬಂದು ಕೂತಿದ್ದರು. ಪುಸ್ತಕ ಹಿಂದಿರುಗಿಸಲು ಬಂದವರು ದಾರಿ ತಪ್ಪಿರಬೇಕು ಅಂದುಕೊಂಡೆ. ಎರಡು ಗಂಟೆ ಕದಲಲಿಲ್ಲ. ಮುಗಿದ ಮೇಲೆ ಸೀದಾ ನನ್ನ ಹತ್ತಿರ ಬಂದರು.

‘ಅವರೆಲ್ಲ ಚೆನ್ನಾಗಿದ್ದಾರೆ’ ಎಂದರು ಇಂಗ್ಲಿಷಿನಲ್ಲಿ. ‘ಆದರೆ ನಾಟಕ ಆಡಿದವಳು ನೀನು. ನನಗೆ ಒಬ್ಬಳು ಬೇಕಾಗಿದ್ದಾಳೆ, ಬರುತ್ತೀಯಾ?’

ಇಂಗ್ಲಿಷಿನಲ್ಲಿ ನೀನು, ನೀವು ಎಂಬ ಭೇದವಿಲ್ಲ ಎಂದು ನನಗೂ ಗೊತ್ತು. ಆದರೆ ಆ ಹೆಂಗಸು ನನಗೆ ಅಂದದ್ದು ನೀನು ಎಂದೇ. ಬೇಕಾದರೆ ಆಣೆ ಮಾಡುತ್ತೇನೆ.

ಅವರು ಬ್ರಿಟನ್ನಿನ ರಂಗನಟಿ. ಎಂಬತ್ತಮೂರು ವಯಸ್ಸು. ಹಳೆಯ ಪದ್ಯನಾಟಕಗಳಲ್ಲಿ ರಾಣಿಯರ ಪಾತ್ರ ಮಾಡಿ ಅಲ್ಲಿಯೂ ನ್ಯೂಯಾರ್ಕಿನಲ್ಲಿಯೂ ಹೆಸರು ಮಾಡಿದವರು. ಈಗ ನಮ್ಮ ಮನೆಯಿಂದ ಹತ್ತು ನಿಮಿಷದ ದೂರದಲ್ಲಿ, ಲಿಫ್ಟ್ ಇರುವ ಅಪಾರ್ಟ್‌ಮೆಂಟಿನಲ್ಲಿ ಇದ್ದಾರೆ. ಇದನ್ನೆಲ್ಲ ಅವರು ಹೇಳಲಿಲ್ಲ, ನಾನು ಪಾರ್ಕಿಂಗ್ ಲಾಟಿನಲ್ಲಿ ಕಾರೊಳಗೆ ಕೂತು ಫೋನಿನಲ್ಲಿ ಹುಡುಕಿ ನೋಡಿದೆ. ಕಪ್ಪುಬಿಳುಪು ಫೋಟೋ ಒಂದಾದ ಮೇಲೊಂದು: ಕಿರೀಟ, ಕಠಾರಿ, ನೆಲಕ್ಕೆ ಹರಡಿದ ನಿಲುವಂಗಿ, ಆ ಮೂಗು, ಆ ಕಣ್ಣು. ನನ್ನ ಕಾಲು ನೆಲಕ್ಕೆ ತಾಗಲಿಲ್ಲ. ಮನೆಗೆ ಬಂದು ಶೂ ಬಿಚ್ಚುವ ಮೊದಲೇ ಎಲ್ಲ ಒದರಿದೆ. ನನ್ನ ಗಂಡ ಮೈಸೂರಿನವರು, ಯಾವುದಕ್ಕೂ ಎದ್ದು ಕುಣಿಯುವ ಪೈಕಿ ಅಲ್ಲ.

‘ಅಲ್ವೇ, ಅವ್ರು ಅಷ್ಟು ದೊಡ್ಡೋರು, ನಿನ್ನನ್ನ ಯಾಕೆ ಕರೆದ್ರು?’

‘ಯಾಕಂದ್ರ, ನಾ ಚಲೋ ಇದ್ದೀನಿ’ ಅಂದೆ. ಖುಷಿಯಾದಾಗ, ಸಿಟ್ಟು ಬಂದಾಗ ನನ್ನ ಬಾಯಲ್ಲಿ ಧಾರವಾಡವೇ ಬರುವುದು.

ಮರು ಶನಿವಾರ ಮೇಡಂ (ನಮ್ಮ ಮನೆಯಲ್ಲಿ ಅವರಿಗೆ ಅದೇ ಹೆಸರಾಯಿತು) ವಿಷಯ ಬಿಡಿಸಿ ಹೇಳಿದರು. ಲೈಬ್ರರಿಯವರು ಒಂದು ಭಾನುವಾರ ಮಧ್ಯಾಹ್ನ ಅವರಿಗೆ ಅದೇ ಹಾಲ್ ಬಿಟ್ಟುಕೊಡುತ್ತಾರೆ. ಒಂದು ಗಂಟೆ, ಒಬ್ಬರೇ, ಕೈಯಲ್ಲಿ ಕಾಗದವಿಲ್ಲದೆ, ತಮ್ಮ ಬದುಕನ್ನು ತಾವೇ ಹೇಳಬೇಕು. ಮೂವತ್ತು ವರ್ಷದಿಂದ ಅವರು ರಂಗ ಹತ್ತಿಲ್ಲ. ಇದು ಕೊನೆಯದು.

‘ನೀನು ಪುಸ್ತಕ ಹಿಡಿದು ಕೂರಬೇಕು’ ಎಂದರು. ‘ಆದರೆ ನಿನ್ನ ಧ್ವನಿ ಜನಕ್ಕೆ ಕೇಳಿಸಬಾರದು. ಒಂದು ಸಲವೂ ಕೇಳಿಸಬಾರದು. ಆ ಒಂದು ಗಂಟೆಯನ್ನು ನಾನು ಯಾರೂ ಎತ್ತಿಕೊಡದೆ ಮುಗಿಸಬೇಕು. ಅಷ್ಟೇ ನನಗೆ ಬೇಕಾದದ್ದು.’

ಧ್ವನಿ ಕೇಳಿಸಬಾರದು ಅಂದರೆ ಪ್ರಾಂಪ್ಟರ್ ಯಾಕೆ ಎಂದು ನಾನು ಆವತ್ತೇ ಕೇಳಬೇಕಿತ್ತು. ಕೇಳಲಿಲ್ಲ. ಜಂಬದಲ್ಲಿ ತಲೆಯಾಡಿಸಿದೆ.

ಪುಸ್ತಕವೇ ಇರಲಿಲ್ಲ, ಅದನ್ನು ನಾವೇ ಮಾಡಿದೆವು. ಶನಿವಾರ ಶನಿವಾರ ಅವರು ಹೇಳುತ್ತಿದ್ದರು, ನಾನು ಲ್ಯಾಪ್‌ಟಾಪಿನಲ್ಲಿ ಟೈಪ್ ಮಾಡುತ್ತಿದ್ದೆ. ಏನು ಬದುಕು ಅದು. ಇಂಗ್ಲೆಂಡಿನ ಉತ್ತರಕ್ಕೆ ಸಮುದ್ರದ ದಂಡೆಯಲ್ಲೊಂದು ಊರು. ತಾಯಿ ಸಂತೆಯಲ್ಲಿ ಮೀನು ಮಾರುತ್ತಿದ್ದಳು. ಆಕೆ ರೇಟು ಕೂಗಿದರೆ ದೋಣಿಯಲ್ಲಿದ್ದವರು ತಿರುಗಿ ನೋಡಬೇಕು, ಅಂಥ ಕಂಠ. ಮಗಳು ಸ್ಕಾಲರ್‌ಶಿಪ್ಪಿನ ಮೇಲೆ ಲಂಡನ್ನಿಗೆ ನಾಟಕ ಕಲಿಯಲು ಹೋದಳು. ಅಲ್ಲಿನವರು ಮೊದಲ ವರ್ಷ ಮಾಡಿದ ಕೆಲಸ ಒಂದೇ: ಊರಿನ ಮಾತನ್ನು ಬಾಯಿಂದ ತೆಗೆಸಿದ್ದು. ಹಲ್ಲಿನ ನಡುವೆ ಬಾಟಲಿಯ ಬಿರಡೆ ಕಚ್ಚಿಸಿ ದಿನಕ್ಕೆ ಎರಡು ಗಂಟೆ ಓದಿಸುತ್ತಿದ್ದರಂತೆ. ರಜೆಗೆ ಊರಿಗೆ ಹೋಗಿ ಬಾಗಿಲಲ್ಲಿ ಮಾತಾಡಿದರೆ ತಾಯಿ ಒಳಗಿನಿಂದ ‘ಯಾರದು?’ ಎಂದು ಕೇಳಿದಳಂತೆ. ಮೈಸೂರಿನ ಅತ್ತೆಮನೆಗೆ ಹೋದ ಹೊಸದರಲ್ಲಿ ನಾನೂ ಬಿರಡೆ ಇಲ್ಲದೆಯೇ ಧಾರವಾಡದ ಮಾತನ್ನು ಹೀಗೇ ಬಾಯಿಂದ ತೆಗೆದಿದ್ದೆ.

ಕಲಿತು ಮುಗಿದ ಮೇಲೆ ಒಂದು ಸಣ್ಣ ಊರಿನ ಥಿಯೇಟರಿನಲ್ಲಿ ಕೆಲಸ. ವಾರಕ್ಕೊಂದು ಹೊಸ ನಾಟಕ. ಸಂಜೆ ಈ ವಾರದ್ದನ್ನು ಆಡಬೇಕು, ಬೆಳಿಗ್ಗೆ ಮುಂದಿನ ವಾರದ್ದರ ರಿಹರ್ಸಲ್, ಹಾಸಿಗೆಯಲ್ಲಿ ಬಿದ್ದುಕೊಂಡು ಅದರ ಮುಂದಿನ ವಾರದ ಪಾತ್ರದ ಬಾಯಿಪಾಠ. ನಾನು ಟೈಪ್ ಮಾಡುವುದನ್ನು ಬಿಟ್ಟು ಕುರ್ಚಿಯಿಂದ ಎದ್ದುಬಿಟ್ಟೆ. ಇದು ನಮ್ಮ ಕಂಪನಿ, ಮೇಡಂ, ಇದು ನಮ್ಮದೇ ಕಂಪನಿ ಎಂದೆ. ಅವರು ಹುಬ್ಬು ಹಾರಿಸಿದರು. ಇಸ್ತ್ರಿ ನೀವೇ ಮಾಡಿದಿರಾ? ಮಾಡಿದೆ. ರಂಗ ಗುಡಿಸಿದಿರಾ? ಗುಡಿಸಿದೆ. ಚಹಾ? ಎರಡು ಹೊತ್ತು. ಹನ್ನೊಂದು ತಿಂಗಳು ಟ್ರೇ ಹಿಡಿದುಕೊಂಡು ಬಂದು ‘ಊಟ ತಯಾರಿದೆ’ ಎನ್ನುವುದೊಂದೇ ಅವರ ಪಾತ್ರವಾಗಿತ್ತಂತೆ. ನಾವಿಬ್ಬರೂ ನಕ್ಕೂ ನಕ್ಕೂ ಕಣ್ಣೊರೆಸಿಕೊಂಡೆವು.

ಆಮೇಲೆ ದೊಡ್ಡ ಕಂಪನಿ, ಪದ್ಯನಾಟಕಗಳು. ಅಲ್ಲಿ ಎರಡು ವರ್ಷ ರಾಣಿಯ ನಿಲುವಂಗಿಯ ಬಾಲ ಹಿಡಿದು ಹಿಂದೆ ಹಿಂದೆ ನಡೆದರು. ಒಂದು ದಿನ ರಾಣಿಯ ಪಾತ್ರದವಳಿಗೆ ಗಂಟಲು ಕಟ್ಟಿತು. ಮಧ್ಯಾಹ್ನ ಮೂರಕ್ಕೆ ಇವರನ್ನು ಕರೆದು, ಸಂಜೆ ನೀನು ಆಡು ಎಂದರು. ಎರಡು ವರ್ಷ ಬಾಲ ಹಿಡಿದು ನಡೆದವಳಿಗೆ ರಾಣಿಯ ಒಂದೊಂದು ಮಾತೂ ಬಾಯಿಗೆ ಬರುತ್ತಿತ್ತು. ಆ ವಾರವೆಲ್ಲ ಇವರೇ ರಾಣಿ. ಊರಿಗೆ ಸುದ್ದಿ ಹೋಗಿ, ಮೂರನೆಯ ದಿನ ತಾಯಿ ಅಂಗಡಿ ಮುಚ್ಚಿ, ಮೀನು ವಾಸನೆಯ ಕೋಟಿನಲ್ಲೇ ರೈಲು ಹತ್ತಿ ಬಂದು, ಎಲ್ಲಕ್ಕಿಂತ ಅಗ್ಗದ ಮೇಲಿನ ಸೀಟಿನಲ್ಲಿ ಕೂತಳು. ನಾಟಕ ಮುಗಿದ ಮೇಲೆ ಹಿಂಬಾಗಿಲ ಹತ್ತಿರ ಬಂದು ಮಗಳನ್ನು ಮೇಲಿಂದ ಕೆಳಗೆ ನೋಡಿದಳು. ಒಂದೇ ಮಾತು ಹೇಳಿದಳು.

‘ಒಂದೊಂದು ಮಾತೂ ಕೇಳಿಸ್ತು, ಮಗಳೇ.’

ನಮ್ಮ ಒಂದು ಗಂಟೆಯ ನಡುಗಂಬ ಇದು. ಒಂದೇ ಮಾತು ಹೇಳಿದಳು ಎಂದ ಮೇಲೆ ಮೇಡಂ ನಿಲ್ಲಿಸುತ್ತಿದ್ದರು. ಆಮೇಲೆ ತಾಯಿಯ ಮಾತು. ಆಮೇಲೆ ಇಪ್ಪತ್ತು ವರ್ಷ ಬರೀ ರಾಣಿಯರು, ವಿಷ ಹಾಕಿದ ರಾಣಿಯರು, ಮಕ್ಕಳನ್ನು ಮಣ್ಣು ಮಾಡಿದ ರಾಣಿಯರು. ‘ಎಷ್ಟು ಗಂಡಂದಿರನ್ನು ಕೊಂದೆನೋ, ನನ್ನ ಸ್ವಂತ ಗಂಡ ಮಾತ್ರ ನಿದ್ದೆಯಲ್ಲಿ ಹೋದ’ ಎಂದು ಬರೆಸಿದರು. ಆ ಗಂಡ ಇಲ್ಲಿನ ಯೂನಿವರ್ಸಿಟಿಯ ಪ್ರೊಫೆಸರ್. ನ್ಯೂಯಾರ್ಕಿಗೆ ನಾಟಕದ ತಂಡ ಬಂದಾಗ ಎರಡನೇ ಸಾಲಿನಲ್ಲಿ ಕೂತು ಗೊರಕೆ ಹೊಡೆದಿದ್ದನಂತೆ. ಇವರು ವೇಷ ಬಿಚ್ಚದೆಯೇ ಹೊರಗೆ ಹೋಗಿ ಅವನನ್ನು ತಡೆದು ಬೈದರು. ಬೈಸಿಕೊಂಡವನು ಮರುದಿನವೂ ಟಿಕೆಟ್ ತೆಗೆದುಕೊಂಡು ಬಂದ, ಮೂರನೆಯ ದಿನವೂ ಬಂದ, ಕೊನೆಗೆ ಮದುವೆಯಾದ. ಆಮೇಲೆ ನ್ಯೂಜೆರ್ಸಿಯಿಂದ ರೈಲಿನಲ್ಲಿ ಕಮ್ಯೂಟ್ ಮಾಡಿಕೊಂಡು ನ್ಯೂಯಾರ್ಕಿನ ರಂಗದ ಮೇಲೆ ಒಂಬತ್ತು ವರ್ಷ. ಅಲ್ಲಿಗೆ ಒಮ್ಮೆಲೇ ನಿಂತುಹೋಗಿ, ಮುಂದಿನ ವಾಕ್ಯದಲ್ಲಿ ಕಾಲೇಜು ಹುಡುಗರಿಗೆ ಉಚ್ಚಾರ ಕಲಿಸುತ್ತಿದ್ದರು. ನಡುವೆ ಏನಾಯಿತು ಎಂದು ಕೇಳಿದೆ. ‘ಅದು ಬೇಡ’ ಎಂದರು. ಬೇಡವಾದರೆ ಬೇಡ.

ಭಾನುವಾರಕ್ಕೆ ಎರಡು ವಾರ ಮೊದಲು ಅವರ ಅಪಾರ್ಟ್‌ಮೆಂಟಿನ ಕೆಳಗಿನ ಕೋಣೆಯಲ್ಲಿ, ಅಲ್ಲಿ ವಾಸಿಸುವ ಹತ್ತುಹನ್ನೆರಡು ಮಂದಿ ಹಿರಿಯರ ಮುಂದೆ ಒಂದು ಸಲ ಆಡಿ ನೋಡೋಣ ಎಂದಾಯಿತು. ನಾನು ಪುಸ್ತಕ ಹಿಡಿದು ಪಕ್ಕದಲ್ಲಿ ಕೂತೆ. ಮೇಡಂ ಬೆಂಕಿ. ಕೋಲನ್ನು ಕುರ್ಚಿಗೆ ಒರಗಿಸಿ ಎದ್ದು ನಿಂತ ಕೂಡಲೆ ಇಪ್ಪತ್ತು ವರ್ಷ ಕಳಚಿ ಬಿದ್ದಿತ್ತು. ಮೀನು ಸಂತೆ, ಬಿರಡೆ, ಟ್ರೇ, ನಿಲುವಂಗಿಯ ಬಾಲ, ಒಂದೂ ತಪ್ಪಲಿಲ್ಲ. ನನ್ನ ಎದೆ ಡವಡವ ಹೊಡೆಯುತ್ತಿತ್ತು, ಖುಷಿಗೆ. ತಾಯಿ ಹಿಂಬಾಗಿಲಿಗೆ ಬಂದಳು. ಮಗಳನ್ನು ಮೇಲಿಂದ ಕೆಳಗೆ ನೋಡಿದಳು. ಒಂದೇ ಮಾತು ಹೇಳಿದಳು.

ಮೇಡಂ ನಿಲ್ಲಿಸಿದರು. ಮನೆಯಲ್ಲಿ ನಿಲ್ಲಿಸುವುದಕ್ಕಿಂತ ಹೆಚ್ಚು ಹೊತ್ತು ನಿಲ್ಲಿಸಿದರು. ಒಂದು ಉಸಿರು, ಎರಡು ಉಸಿರು. ಮೂರನೆಯದಕ್ಕೆ ನನ್ನೊಳಗಿದ್ದ ಅಪ್ಪನಿಗೆ ತಡೆಯಲಾಗಲಿಲ್ಲ. ಕಂಪನಿಯ ಹಿಂದಿನ ಬೆಂಚಿಗೂ ಮುಟ್ಟುವ ಹಾಗೆ ನಾನು ಒದರಿಬಿಟ್ಟೆ: ‘ಒಂದೊಂದು ಮಾತೂ ಕೇಳಿಸ್ತು, ಮಗಳೇ.’

ಮುಂದಿನ ಸಾಲಿನಲ್ಲಿ ಕೆಂಪು ಸ್ವೆಟರಿನ ಮುದುಕರೊಬ್ಬರು ಘೊಳ್ಳೆಂದು ನಕ್ಕರು. ಪಾಪ, ಕೆಟ್ಟ ಮನಸ್ಸಿನವರಲ್ಲ, ತಮಾಷೆ ಅನ್ನಿಸಿತು, ನಕ್ಕರು. ಮೇಡಂ ಮುಖದಿಂದ ರಕ್ತ ಇಳಿದುಹೋದದ್ದು ನನಗೆ ಕಾಣಿಸಿತು. ಜನಕ್ಕೆ ಒಂದು ನಮಸ್ಕಾರ ಮಾಡಿ, ಕೋಲು ಎತ್ತಿಕೊಂಡು, ಲಿಫ್ಟಿನೊಳಗೆ ಹೋಗಿ ಬಾಗಿಲು ಮುಚ್ಚಿಕೊಂಡರು. ನನ್ನ ಕಡೆ ತಿರುಗಿಯೂ ನೋಡಲಿಲ್ಲ.

ನಾಲ್ಕು ದಿನ ಫೋನ್ ಎತ್ತಲಿಲ್ಲ. ಮೊದಲನೆಯ ದಿನ ನಾನು ಅತ್ತೆ. ಎರಡನೆಯ ದಿನ ಮೆಸೇಜ್ ಹಾಕಿದೆ. ಮೂರನೆಯ ದಿನ ನನಗೂ ರೋಷ ಬಂತು. ನಾನೇನು ಕೊಲೆ ಮಾಡಿದೆನೇ? ನಾಲ್ಕನೆಯ ದಿನ ಆಫೀಸಿನಿಂದ ಸೀದಾ ಅವರ ಬಾಗಿಲಿಗೆ ಹೋಗಿ ಬೆಲ್ ಒತ್ತಿದೆ. ತೆಗೆದರು.

‘ಮೇಡಂ, ನಮ್ಮ ಕಡೆ ಪ್ರಾಂಪ್ಟರ್ ಅಂದರೆ ಮಾತು ನಿಲ್ಲದ ಹಾಗೆ ನೋಡಿಕೊಳ್ಳುವವನು’ ಎಂದು ಹೊಸ್ತಿಲಲ್ಲೇ ಶುರು ಮಾಡಿದೆ. ‘ನನ್ನ ತಂದೆ ನಲವತ್ತು ವರ್ಷ ಒಬ್ಬ ನಟನನ್ನೂ ಬೀಳಗೊಡಲಿಲ್ಲ. ಮಾತು ನಿಂತರೆ ತಪ್ಪು ಪ್ರಾಂಪ್ಟರನದು. ನಾನು ಕಲಿತದ್ದು ಅದೇ. ನೀವು ಎರಡು ಗಂಟೆ ಕೂತು ನಮ್ಮ ರಿಹರ್ಸಲ್ ನೋಡಿ, ಅದನ್ನೇ ಮೆಚ್ಚಿಕೊಂಡು ನನ್ನನ್ನು ಕರೆದಿರಿ. ಈಗ ಮುಖ ತಿರುಗಿಸಿದರೆ ಹೇಗೆ?’

ಅವರು ಒಳಗೆ ಬಾ ಎಂದರು. ಚಹಾ ಮಾಡಲಿಲ್ಲ, ಏನೂ ಮಾಡಲಿಲ್ಲ. ಎದುರು ಕೂತು, ಬೇಡ ಎಂದಿದ್ದನ್ನು ಹೇಳಿದರು. ನ್ಯೂಯಾರ್ಕಿನಲ್ಲಿ ಒಂದು ಪ್ರದರ್ಶನ. ರಾಣಿ ಸತ್ತ ಮಗನ ಪಕ್ಕ ನಿಂತಿದ್ದಾಳೆ. ಮೇಡಂಗೆ ಮುಂದಿನ ಮಾತು ಹೊಳೆಯಲಿಲ್ಲ. ಪಕ್ಕದಿಂದ ಸ್ಟೇಜ್ ಮ್ಯಾನೇಜರ್ ಮಾತು ಕೊಟ್ಟ. ಇವರಿಗೆ ಕೇಳಿಸಲಿಲ್ಲ. ಇನ್ನೊಮ್ಮೆ ಕೊಟ್ಟ. ಮೂರನೆಯ ಸಲ ಕೊಟ್ಟಾಗ ಇವರಿಗಿಂತ ಮೊದಲು ಜನಕ್ಕೆ ಕೇಳಿಸಿತು. ಯಾರೋ ನಕ್ಕರು. ಉಳಿದ ಪ್ರದರ್ಶನಗಳನ್ನು ಹೇಗೋ ಮುಗಿಸಿದರು, ಮತ್ತೆ ಯಾವ ನಾಟಕಕ್ಕೂ ಸಹಿ ಹಾಕಲಿಲ್ಲ.

‘ಐವತ್ತು ರಾಣಿಯರನ್ನು ಆಡಿದ್ದೇನೆ’ ಎಂದರು. ‘ಕಣ್ಣು ಮುಚ್ಚಿದರೆ ನನಗೆ ಕೇಳಿಸುವುದು ಆ ನಗು. ಅದು ಕೊನೆಯದಾಗಬಾರದು. ನನಗೆ ಇನ್ನೊಂದು ಕೊನೆ ಬೇಕು.’

ನನ್ನ ರೋಷ ಎಲ್ಲಿ ಹೋಯಿತೋ. ಕ್ಷಮಿಸಿ ಎಂದೆ. ಅವರು ಕ್ಷಮೆಗಿಮೆ ಎಂದು ಸಮಯ ಹಾಳುಮಾಡುವವರಲ್ಲ, ಆಗಲೇ ಕೆಲಸಕ್ಕೆ ಇಳಿದಿದ್ದರು. ಟೇಬಲಿನ ಮೇಲೆ ನೀರಿನ ಲೋಟ ಇಟ್ಟರು. ಲೋಟ ಬಲಗಡೆ ಇದ್ದರೆ ಎಲ್ಲ ಸರಿಯಿದೆ. ಅದನ್ನು ಎತ್ತಿ ಎಡಗಡೆ ಇಟ್ಟರೆ ಮಾತು ಬೇಕು, ಮೆಲ್ಲಗೆ ಕೊಡು. ‘ಲೋಟ ಬಲಗಡೆ ಇರುವವರೆಗೆ ಆ ಮೌನ ನನ್ನದು. ಸೀಲಿಂಗ್ ಬಿದ್ದರೂ ನೀನು ಬಾಯಿ ತೆಗೆಯಬೇಡ.’

‘ಆಯಿತು.’

‘ಇನ್ನೊಂದು. ನಿನ್ನ ತುಟಿ. ಕುಣಿಯುತ್ತಲೇ ಇರುತ್ತದೆ. ನನ್ನ ಕಣ್ಣು ಅಲ್ಲಿಗೇ ಹೋಗುತ್ತದೆ. ಅದಕ್ಕೇನು ಮಾಡುತ್ತೀ?’

ಅದು ನನ್ನ ಕೈಯಲ್ಲಿಲ್ಲ ಎಂದೆ. ಕೊನೆಗೆ ಮಾಸ್ಕ್ ಹಾಕಿಕೊಳ್ಳುವುದು ಎಂದಾಯಿತು. ಕೋವಿಡ್ ಕಾಲದ್ದು ಮನೆಯಲ್ಲಿ ಡಬ್ಬಗಟ್ಟಲೆ ಬಿದ್ದಿತ್ತು. ಉಳಿದ ರಿಹರ್ಸಲ್ಲುಗಳಿಗೆ ಮಾಸ್ಕ್ ಹಾಕಿಕೊಂಡೇ ಕೂತೆ. ಒಂದೇ ಮಾತು ಹೇಳಿದಳು ಎಂದ ಮೇಲೆ ಮೇಡಂ ಸರಿಯಾಗಿ ನಾಲ್ಕು ಉಸಿರು ನಿಲ್ಲಿಸುತ್ತಿದ್ದರು. ನಾನು ಎಣಿಸಿಕೊಂಡೆ, ಪುಸ್ತಕದ ಪಕ್ಕದಲ್ಲಿ ಪೆನ್ಸಿಲ್ಲಿನಿಂದ ನಾಲ್ಕು ಗೆರೆ ಎಳೆದುಕೊಂಡೆ. ಅದಕ್ಕೆ ಪಳಗಲು ನನಗೆ ಎಷ್ಟು ಕಷ್ಟವಾಯಿತೆಂದರೆ, ತೊಡೆ ಚಿವುಟಿಕೊಂಡು ಕೂರುತ್ತಿದ್ದೆ.

ಭಾನುವಾರ ಬಂತು. ನಾನು ವಾಟ್ಸಾಪಿನಲ್ಲಿ ಕನ್ನಡ ಸಂಘದವರನ್ನೆಲ್ಲ ಎಷ್ಟು ಪೀಡಿಸಿದ್ದೆನೆಂದರೆ ಒಂದೂವರೆಗೇ ಅರ್ಧ ಹಾಲ್ ತುಂಬ ರೇಷ್ಮೆ ಸೀರೆ. ಆಂಟಿಯರು ಡಬ್ಬದಲ್ಲಿ ಚಕ್ಕುಲಿ ಕೂಡ ತಂದಿದ್ದರು. ಕೈಮುಗಿದು ಇಸಿದುಕೊಂಡು ಹೊರಗಿಟ್ಟೆ, ಕುರುಂ ಅನ್ನುವ ಸದ್ದು ಮೇಡಂ ತಾಳುವುದಿಲ್ಲ. ಮೇಡಂ ಅಪಾರ್ಟ್‌ಮೆಂಟಿನವರೂ ಬಂದಿದ್ದರು. ಮುಂದಿನ ಸಾಲಿನಲ್ಲಿ ಅದೇ ಕೆಂಪು ಸ್ವೆಟರು. ಲೈಟಿನ ಸ್ವಿಚ್ಚಿನ ಹತ್ತಿರ ನನ್ನ ಗಂಡ, ಮೈಸೂರಿನ ಆ ಶಾಂತಮೂರ್ತಿ, ಬೆವರುತ್ತಾ ನಿಂತಿದ್ದರು. ಆ ಹಾಲಿನಲ್ಲಿ ಪಕ್ಕದ ಪರದೆ ಗಿರದೆ ಏನೂ ಇಲ್ಲ. ಒಂದು ಬದಿಗೆ ಹಳೆಯ ಪಿಯಾನೊ ಇದೆ. ಜನರಿಗೆ ಕಾಣದ ಹಾಗೆ, ಮೇಡಂಗೆ ಮಾತ್ರ ಕಾಣುವ ಹಾಗೆ, ನಾನು ಅದರ ಹಿಂದೆ ಕುರ್ಚಿ ಹಾಕಿಕೊಂಡು ಕೂತೆ.

ಎರಡು ಗಂಟೆಗೆ ಮೇಡಂ ಬಂದರು. ಕೋಲು ಹೊರಗೇ ಬಿಟ್ಟು ಬಂದಿದ್ದರು, ಹೇಳಿರಲೇ ಇಲ್ಲ. ಕಪ್ಪು ಉಡುಪು, ಬೆಳ್ಳಿ ಕೂದಲು. ಲೋಟ ಬಲಗಡೆ ಇಟ್ಟರು. ಬಾಯಿ ತೆರೆದು ಮೊದಲ ಮಾತು ಹೇಳಿದರು ನೋಡಿ, ನನ್ನ ಮೈಯೆಲ್ಲ ಜುಮ್ಮೆಂದಿತು. ನಮ್ಮ ಆಂಟಿಯರು ಫೋನು ಕೆಳಗಿಟ್ಟರು. ಅದಕ್ಕಿಂತ ದೊಡ್ಡ ಸರ್ಟಿಫಿಕೇಟ್ ನನಗೆ ಗೊತ್ತಿಲ್ಲ. ಬಿರಡೆ ಕಚ್ಚಿಕೊಂಡು ಮಾತಾಡಿ ತೋರಿಸಿದಾಗ ಜನ ಸೂರೇ ಹಾರಿಹೋಗುವ ಹಾಗೆ ನಕ್ಕರು. ‘ಯಾರದು?’ ಎಂದು ತಾಯಿ ಕೇಳಿದ್ದಕ್ಕೆ ಎಲ್ಲರೂ ಗಪ್ಪಾದರು. ನಾನು ಒಂದು ಉಸಿರು ಮುಂದೆ ಪುಸ್ತಕದಲ್ಲಿ ಬೆರಳಾಡಿಸುತ್ತಾ ಹೋಗುತ್ತಿದ್ದೆ. ಆದರೆ ಹಾಲಿನ ಸೆಕೆಗೆ, ನನ್ನ ಬಿಸಿಯುಸಿರಿಗೆ, ಮಾಸ್ಕಿನ ಮೇಲಿಂದ ಹಬೆ ಬಂದು ಕನ್ನಡಕ ಮಂಜಾಯಿತು. ಒರೆಸಿದೆ, ಮತ್ತೆ ಮಂಜಾಯಿತು. ಅಕ್ಷರ ಕಾಣದ ಪ್ರಾಂಪ್ಟರ್ ಇದ್ದೇನು ಪ್ರಯೋಜನ? ಮಾಸ್ಕನ್ನು ಗದ್ದದ ಕೆಳಗೆ ಎಳೆದುಕೊಂಡೆ. ತುಟಿಯನ್ನು ಬಿಗಿಯಾಗಿ ಮುಚ್ಚಿಕೊಂಡರೆ ಆಯಿತು ಅಂದುಕೊಂಡೆ.

ಟ್ರೇ ಆಯಿತು. ನಿಲುವಂಗಿಯ ಬಾಲ ಆಯಿತು. ಗಂಟಲು ಕಟ್ಟಿದ ರಾಣಿ, ರೈಲು, ಅಗ್ಗದ ಸೀಟು. ತಾಯಿ ಹಿಂಬಾಗಿಲಿಗೆ ಬಂದಳು. ಮಗಳನ್ನು ಮೇಲಿಂದ ಕೆಳಗೆ ನೋಡಿದಳು.

‘ಒಂದೇ ಮಾತು ಹೇಳಿದಳು’ ಎಂದರು ಮೇಡಂ.

ನಾನು ಎಣಿಸಿದೆ. ಒಂದು. ಎರಡು. ಮೂರು. ನಾಲ್ಕು. ಇನ್ನು ಮಾತು ಬರಬೇಕು. ಬರಲಿಲ್ಲ. ಐದು. ಜನ ನೋಡುತ್ತಿದ್ದಾರೆ, ಇನ್ನೂ ಸೊಗಸಾಗಿ ನಿಲ್ಲಿಸೋಣ ಅಂದುಕೊಂಡಿರಬೇಕು ಎಂದು ಸಮಾಧಾನ ಮಾಡಿಕೊಂಡೆ. ಆರು. ಲೋಟ ನೋಡಿದೆ, ಬಲಗಡೆಯೇ ಇದೆ. ಅವರ ಕೈ ಅದರ ಹತ್ತಿರವೂ ಹೋಗಲಿಲ್ಲ. ಏಳು. ಎಲ್ಲೋ ಹಿಂದೆ ಒಂದು ಬಳೆ ಸದ್ದಾಯಿತು. ಎಂಟು. ಅಪ್ಪ ನನ್ನ ಕಿವಿಯಲ್ಲೇ ಕೂತು, ಕೊಡವ್ವ, ಕೊಡು, ಜನ ನಗತಾರ ಎನ್ನುತ್ತಿದ್ದ. ಕೆಂಪು ಸ್ವೆಟರಿನವರು ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು. ಒಂಬತ್ತು. ಮಾತು ನನ್ನ ಗಂಟಲವರೆಗೆ ಬಂದಿತ್ತು. ಕೊಟ್ಟರೆ ಅವರ ಮೂವತ್ತು ವರ್ಷದ ಭಯ ನಿಜವಾಗುತ್ತದೆ, ಕೊಡದೆ ಅವರು ಅಲ್ಲೇ ನಿಂತುಬಿಟ್ಟರೆ ಅದೂ ನನ್ನ ತಲೆಗೇ. ಲೋಟ ಬಲಗಡೆ ಇದೆ, ಲೋಟ ಬಲಗಡೆ ಇದೆ ಎಂದು ಮಂತ್ರದ ಹಾಗೆ ಹೇಳಿಕೊಂಡು ಉಗುರನ್ನು ಅಂಗೈಗೆ ಒತ್ತಿ ಹಿಡಿದೆ. ನನ್ನ ಗಂಟಲಿನಿಂದ ಒಂದು ಸದ್ದೂ ಹೊರಡಲಿಲ್ಲ. ಇದೊಂದು ಮಾತು ನಾನು ಯಾರ ಮುಂದೆ ಬೇಕಾದರೂ ಹೇಳುತ್ತೇನೆ.

ಹತ್ತು. ಮೇಡಂ ಮೆಲ್ಲಗೆ ತಲೆ ತಿರುಗಿಸಿ ನನ್ನ ಕಡೆ ನೋಡಿದರು. ತಾಯಿ ಅಲ್ಲಿ ನಿಂತಿದ್ದಾಳೆ ಎಂದೇ ಜನ ತಿಳಿದುಕೊಂಡಿರಬೇಕು, ಹಾಲಿಗೆ ಹಾಲೇ ಅತ್ತ ತಿರುಗಿತು. ಹನ್ನೊಂದು.

‘ಒಂದೊಂದು ಮಾತೂ ಕೇಳಿಸ್ತು, ಮಗಳೇ.’

ರಿಹರ್ಸಲ್ಲಿನಲ್ಲಿ ಹೇಳುತ್ತಿದ್ದ ಲಂಡನ್ನಿನ ಇಂಗ್ಲಿಷ್ ಅಲ್ಲ ಅದು. ಮೀನು ಸಂತೆಯ ಇಂಗ್ಲಿಷ್. ಬಿರಡೆ ಕಚ್ಚಿಸಿ ತೆಗೆಸಿದ್ದರಲ್ಲ, ಅದು. ಹಾಲಿನಲ್ಲಿ ಯಾರೋ ಬಿಕ್ಕಿದರು. ನಮ್ಮ ಡಾಕ್ಟರ್ ಆಂಟಿಯೊಬ್ಬರು ಸೆರಗಿನಿಂದ ಮೂಗು ಒರೆಸಿಕೊಂಡರು. ಆಮೇಲಿನ ಅರ್ಧ ಗಂಟೆ ಮೇಡಂ ಗಾಳಿಪಟ. ರಾಣಿಯರು, ಗೊರಕೆಯ ಪ್ರೊಫೆಸರ್, ರೈಲು, ಯಾವುದಕ್ಕೂ ತಡೆಯಿಲ್ಲ. ಮುಗಿದಾಗ ಜನ ಎದ್ದು ನಿಂತು ಚಪ್ಪಾಳೆ ಹೊಡೆದ ರಭಸಕ್ಕೆ ನನ್ನ ಗಂಡ ಲೈಟ್ ಹಾಕುವ ಬದಲು ಇದ್ದ ಲೈಟನ್ನೂ ಆರಿಸಿದರು.

ಕುರ್ಚಿ ಪೇರಿಸಿಡುವ ಹಿಂದಿನ ಕೋಣೆಗೆ ಮೇಡಂ ಅವರನ್ನು ಕರೆದುಕೊಂಡು ಹೋದೆ. ನನಗೆ ನಿಂತಲ್ಲಿ ನಿಲ್ಲಲಾಗುತ್ತಿರಲಿಲ್ಲ.

‘ಹನ್ನೊಂದು ಉಸಿರು, ಮೇಡಂ. ನಾಲ್ಕಲ್ಲ, ಹನ್ನೊಂದು. ಜೀವ ಬಾಯಿಗೆ ಬಂದಿತ್ತು ನನಗೆ. ಎಂಥ ಧೈರ್ಯ ನಿಮ್ಮದು.’

ಅವರು ಕುರ್ಚಿಯ ಮೇಲೆ ಕುಸಿದು ಕೂತರು. ‘ಧೈರ್ಯವೇ? ಖಾಲಿಯಾಗಿತ್ತು’ ಎಂದರು. ‘ತಲೆಯೊಳಗೆ ಏನೂ ಇರಲಿಲ್ಲ. ನನ್ನ ತಾಯಿಯ ಮಾತೇ ನನಗೆ ಮರೆತುಹೋಗಿತ್ತು.’

ನಾನು ಅವರ ಮುಂದೆ ಕುಕ್ಕರಿಸಿ ಕೂತೆ. ‘ಮತ್ತೆ ಲೋಟ?’

‘ಯಾವ ಲೋಟ?’

‘ಎಡಗಡೆ ಇಡಬೇಕಿತ್ತಲ್ಲ, ಮೇಡಂ. ಸನ್ನೆ.’

ಅವರು ಒಂದು ಕ್ಷಣ ನನ್ನನ್ನು ಪಿಳಿಪಿಳಿ ನೋಡಿದರು. ‘ಓ’ ಎಂದರು. ‘ಅದೂ ಮರೆತುಹೋಗಿತ್ತು.’

ಇಬ್ಬರಿಗೂ ನಗು ತಡೆಯಲಾಗಲಿಲ್ಲ. ನಕ್ಕು ಸುಸ್ತಾದ ಮೇಲೆ ಕೇಳಿದೆ, ಹಾಗಾದರೆ ಮಾತು ಎಲ್ಲಿಂದ ಬಂತು ಎಂದು. ಅವರು ಕೈ ಚಾಚಿ, ನನ್ನ ಗದ್ದದ ಕೆಳಗೆ ಜೋತಾಡುತ್ತಿದ್ದ ಮಾಸ್ಕನ್ನು ಸ್ವಲ್ಪ ಎಳೆದು, ಒಂದು ಬೆರಳನ್ನು ನನ್ನ ತುಟಿಯ ಮೇಲೆ ಇಟ್ಟರು.

ನನಗೆ ಆಗಲೂ ತಕ್ಷಣ ಹೊಳೆಯಲಿಲ್ಲ. ತುಟಿ ಬಿಗಿದುಕೊಂಡಿದ್ದೇನೆ ಎಂದು ನಾನು ಅಂದುಕೊಂಡದ್ದಷ್ಟೇ. ಅದು ತನ್ನ ಪಾಡಿಗೆ ತಾನು ಆ ಮಾತನ್ನು ಎಷ್ಟು ಸಲ ಹೇಳಿತ್ತೋ.

ಅಷ್ಟರಲ್ಲಿ ಬಾಗಿಲು ತಟ್ಟಿ ಕೆಂಪು ಸ್ವೆಟರಿನವರು ಒಳಗೆ ಬಂದರು. ಕಣ್ಣು ಕೆಂಪಾಗಿತ್ತು. ಮೇಡಂ ಕೈಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು, ‘ಅದ್ಭುತ’ ಎಂದರು. ನನ್ನ ಕಡೆ ನೋಡಿ ನಕ್ಕು, ‘ಈ ಸಲ ಪ್ರಾಂಪ್ಟರ್‌ಗೆ ಕೆಲಸವೇ ಇರಲಿಲ್ಲ’ ಎಂದರು.

‘ಈಕೆಯ ಧ್ವನಿ ನಿಮಗೆ ಕೇಳಿಸಿತೇ?’ ಎಂದು ಮೇಡಂ ಕೇಳಿದರು.

‘ಇಲ್ಲ, ಒಂದು ಪಿಸುಮಾತೂ ಇಲ್ಲ.’

ಮೇಡಂ ತಲೆಯಾಡಿಸಿದರು. ಆಮೇಲೆ ನನ್ನ ಕಡೆ ತಿರುಗಿ, ಆ ಮೀನು ಸಂತೆಯ ಇಂಗ್ಲಿಷಿನಲ್ಲಿ, ನನಗೆ ಮಾತ್ರ ಕೇಳಿಸುವಷ್ಟು ಮೆಲ್ಲಗೆ ಹೇಳಿದರು.

‘ಒಂದೊಂದು ಮಾತೂ ಕೇಳಿಸ್ತು, ಮಗಳೇ.’